ಕಲ್ಲುಹೂವಿನ ಮೇಲೆ ಬದುಕೋ ಫಂಗಸ್ ಹುಡುಕೋದು ಹೇಗೆ?

ದೇವರಾಯನದುರ್ಗದ ಬಂಡೆಗಳ ಮೇಲೆ ಬೂದು ಬಣ್ಣದ ಹಪ್ಪಳದ ಥರ ಅಂಟ್ಕೊಂಡಿರುತ್ತಲ್ಲ, ಅದು ಕಲ್ಲುಹೂವು, ಲೈಕೆನ್. ಫಂಗಸ್ಸೂ ಪಾಚಿನೂ ಸೇರಿ ಸಂಸಾರ ಮಾಡೋ ಜೀವ. ಆ ಸಂಸಾರದೊಳಗೆ ಇನ್ನೊಂದು ಫಂಗಸ್ ಬಂದು ಮನೆ ಮಾಡ್ಕೊಳ್ಳುತ್ತೆ! 2018ರಲ್ಲಿ ವಿಜ್ಞಾನಿಗಳು ಮಾಡಿದ ಪಟ್ಟಿಯಲ್ಲಿ ಇಂಥ ಫಂಗಸ್‌ಗಳು 2,000ಕ್ಕೂ ಹೆಚ್ಚು ಜಾತಿ ಇವೆ.

ಮೊದಲು ಮನೇಲೇ ಕಣ್ಣು ಪಳಗಿಸ್ಕೊಳ್ಳಿ. ಗ್ರಂಥಿಗೆ ಅಂಗಡೀಲಿ ಬಿರಿಯಾನಿ ಮಸಾಲೆಗೆ ಅಂತ ಕಲ್ಲುಹೂವು ಸಿಗುತ್ತೆ, ಒಂದು ಚೂರು ತಂದು ನೀರಲ್ಲಿ ನೆನೆಸಿ. ಮೇಲ್ಭಾಗ ಬೂದು ಬಣ್ಣದಿಂದ ಹಸಿರಿಗೆ ತಿರುಗುತ್ತೆ, ಒಳಗಿನ ಪಾಚಿ ಕಾಣ್ತಿರೋದು ಅದು. ಆರೋಗ್ಯವಾಗಿರೋದು ಹೇಗಿರುತ್ತೆ ಅಂತ ಗೊತ್ತಾದ್ರೆ ಕಾಯಿಲೆ ಬಿದ್ದಿರೋದು ತಾನಾಗೇ ಕಣ್ಣಿಗೆ ಬೀಳುತ್ತೆ.

ಆಮೇಲೆ 10ಎಕ್ಸ್, ಅಂದ್ರೆ ಹತ್ತು ಪಟ್ಟು ದೊಡ್ಡದಾಗಿ ತೋರಿಸೋ ಲೆನ್ಸ್ ತಗೊಳ್ಳಿ, ಚಿನ್ನಬೆಳ್ಳಿ ಕೆಲಸದೋರು ಇಟ್ಕೊಂಡಿರ್ತಾರಲ್ಲ ಅದೇ. ಪೇಪರ್ ಓದೋ ಭೂತಗನ್ನಡಿ ಥರ ದೂರ ಹಿಡೀಬೇಡಿ, ಕಣ್ಣಿಗೆ ಒತ್ತಿ ಹಿಡ್ಕೊಂಡು ಮುಖಾನೇ ಬಂಡೆ ಹತ್ರ ಒಯ್ಯಿರಿ. ಮಳೆ ನಿಂತ ಮಾರನೇ ಬೆಳಿಗ್ಗೆ ಒಳ್ಳೇ ಟೈಮು, ಇಲ್ಲಾಂದ್ರೆ ಸ್ಪ್ರೇ ಬಾಟಲಲ್ಲಿ ಸ್ವಲ್ಪ ನೀರು ಚಿಮುಕಿಸಿ.

ಈಗ ಮುಖ್ಯವಾದ್ದು. ಎಲ್ರೂ ಚೆನ್ನಾಗಿರೋ ಕಲ್ಲುಹೂವನ್ನೇ ನೋಡ್ತಾರೆ, ನೀವು ಬಣ್ಣ ಕೆಟ್ಟಿರೋ ಜಾಗ ನೋಡಿ. ಬಿಳಿಚಿಕೊಂಡಿರೋ ಮಚ್ಚೆ, ಸಣ್ಣ ಗಂಟು, ಗುಲಾಬಿ ಉಂಡೆ. ಲೈಕನೋಕೋನಿಯಂ ಇರೋಡೆನ್ಸ್ ಅನ್ನೋ ಫಂಗಸ್ ಕಲ್ಲುಹೂವನ್ನ ಅಲ್ಲಲ್ಲಿ ಬಿಳುಪು ಮಾಡಿ ಸಾಯಿಸುತ್ತೆ, ಆ ಬಿಳುಪಿನೊಳಗೆ ಸಾಸಿವೆಗಿಂತ ಎಷ್ಟೋ ಸಣ್ಣ ಕಪ್ಪು ಚುಕ್ಕಿ. ಯುರೋಪಿನಲ್ಲಿ ಸಿಗೋ ಮರ್ಚಾಂಡಿಯೋಮೈಸಿಸ್ ಕೊರಲೈನಸ್ ಅನ್ನೋ ಫಂಗಸ್ ಅಂತೂ ಹವಳದ ಬಣ್ಣದ ಪುಟಾಣಿ ಉಂಡೆ, ಫೋಟೋದಲ್ಲಿ ನೋಡಿದ್ರೂ ಖುಷಿಯಾಗುತ್ತೆ. ಎಲ್ಲಾವೂ ಸಾಯಿಸಲ್ಲ, ಕೆಲವು ತಮ್ಮ ಪಾಡಿಗೆ ಇರ್ತವೆ.

ಮೋಸ ಹೋಗೋದು ಕಪ್ಪು ಚುಕ್ಕೀಲೇ, ಯಾಕಂದ್ರೆ ಕಲ್ಲುಹೂವಿಗೇ ತನ್ನದೇ ಬೀಜಕಣದ ಕಪ್ಪು ಚುಕ್ಕಿಗಳಿರ್ತವೆ. ಸುತ್ತ ಬಣ್ಣ ಚೆನ್ನಾಗಿದ್ದು ಚುಕ್ಕಿ ಒಳಗೆ ಹುದುಗಿದ್ರೆ ಬಹುಶಃ ಅದರದ್ದೇ, ಸುತ್ತ ಬಿಳಿಚಿದ್ರೆ ಅನುಮಾನ ಪಡಿ. ಖಾತ್ರಿಗೆ ಕಾಲೇಜಿನ ಮೈಕ್ರೋಸ್ಕೋಪೇ ಬೇಕು.

ಕೆರೆದು ತರಬೇಡಿ, ಅದು ಕಾಡು, ಅರಣ್ಯ ಇಲಾಖೆ ಪರ್ಮಿಷನ್ ಬೇಕು, ಮೇಲಾಗಿ ಬಂಡೆಗೆ ಅಂಟೋ ಎಷ್ಟೋ ಕಲ್ಲುಹೂವು ವರ್ಷಕ್ಕೆ ಕೆಲವೇ ಮಿಲಿಮೀಟರ್ ಬೆಳೆಯೋದು. ಪಕ್ಕದಲ್ಲಿ ಸ್ಕೇಲ್ ಇಟ್ಟು ಫೋಟೋ ತೆಗೀರಿ. ಇಡೀ ಕಲ್ಲುಹೂವಿಂದೂ ಒಂದು ಫೋಟೋ ಇರ್ಲಿ, ಎಷ್ಟೋ ಫಂಗಸ್ ಒಂದೇ ಜಾತಿ ಲೈಕೆನ್ ಮೇಲೆ ಮಾತ್ರ ಇರೋದ್ರಿಂದ ಮನೆ ಗೊತ್ತಾಗದೆ ಒಳಗಿರೋರ ಹೆಸರು ಹೇಳಕ್ಕಾಗಲ್ಲ. ಮುಂದಿನ ಮಳೆಗಾಲ ಅದೇ ಬಂಡೆಗೆ ಹೋಗಿ, ಅದೇ ಸ್ಕೇಲ್ ಇಟ್ಟು ಮಚ್ಚೆ ಎಷ್ಟು ಹರಡಿದೆ ನೋಡಿ.