ಒಡವೆ ಸಾಫ್ಟ್‌ವೇರ್ ಕೊಳ್ಳೋ ಮುಂಚೆ ಒಂದು ಜುಮ್ಕಿ ಮಾಡಿ ನೋಡಿ

ಬಳ್ಳಾರಿ, ಸಿಂಧನೂರು, ಗಂಗಾವತಿ ಕಡೆಯ ಪತ್ತಾರರು ಈಗ ನನ್ನನ್ನು ಜಾಸ್ತಿ ಕೇಳೋದು ಒಂದೇ: ಡಿಸೈನ್‌ಗೆ ಯಾವ ಸಾಫ್ಟ್‌ವೇರ್ ತಗೊಳ್ಳೋಣ? ಡೆಮೊದವರು ತೋರಿಸುವ ವಜ್ರದ ಉಂಗುರ ನೋಡಿ ದುಡ್ಡು ಕೊಡಬೇಡಿ. ನಿಮ್ಮ ಅಂಗಡಿಯಲ್ಲಿ ಓಡುವ ಜುಮ್ಕಿಯೊಂದನ್ನು ಮುಂದಿಟ್ಟು, ಇದನ್ನೇ ಮಾಡಿ ತೋರಿಸಿ ಅನ್ನಿ.

ಜುಮ್ಕಿಯ ಬುಟ್ಟಿಯಲ್ಲಿ ಒಂದೇ ಎಸಳು ಸುತ್ತಲೂ ಬರುತ್ತೆ, ಅಲ್ವಾ? ಒಂದನ್ನು ಬಿಡಿಸಿ 16 ಸಲ ತಿರುಗಿಸಿ. ಆಮೇಲೆ ಗಿರಾಕಿ ಮನಸ್ಸು ಬದಲಿಸಿದರು ಅಂದುಕೊಂಡು 18 ಮಾಡಿ. ಅಂಚಿನ 1.3 ಮಿ.ಮೀ. ಹರಳು, ಅದನ್ನು ಹಿಡಿದಿಡುವ ಲೋಹದ ಕಾಲುಗಳು ತಾವಾಗೇ ಸರಿದು ಕೂರಬೇಕು. ಎಲ್ಲ ಮೊದಲಿಂದ ಬಿಡಿಸಬೇಕಾದರೆ ಹಬ್ಬದ ಸೀಸನ್‌ನಲ್ಲಿ ನಿಮ್ಮ ಗತಿ ಕಷ್ಟ.

ಅಳತೆ ಕರಾರುವಾಕ್ಕಾಗಿ ಬೇಕಾದ ಕೆಲಸಕ್ಕೆ ರೈನೋ ಅನ್ನೋ ಸಾಫ್ಟ್‌ವೇರ್ ಒಳ್ಳೆಯದು, 90 ದಿನ ಪುಕ್ಕಟೆ ಬಳಸಬಹುದು. ಮ್ಯಾಟ್ರಿಕ್ಸ್‌ಗೋಲ್ಡ್ ಅದರ ಮೇಲೇ ಕಟ್ಟಿದ್ದು, ಹರಳು ಕೂರಿಸುವ ಸಲಕರಣೆ ಅದರಲ್ಲಿ ಸಿದ್ಧವಾಗಿ ಸಿಗುತ್ತೆ. ಬ್ಲೆಂಡರ್ ಯಾವತ್ತೂ ಉಚಿತ. ಲಕ್ಷ್ಮಿ ಪದಕ, ನವಿಲು, ಬಳ್ಳಿಯಂಥ ಉಬ್ಬು ಕೆಲಸಕ್ಕೆ ನನ್ನ ಮಟ್ಟಿಗೆ ಅದೇ ಸಾಕು.

ಈಗ ತೂಕ. ಇಲ್ಲಿ ಮೈಯೆಲ್ಲ ಕಣ್ಣಾಗಿರಿ. 22 ಕ್ಯಾರೆಟ್ ಚಿನ್ನ ಒಂದು ಘನ ಸೆಂಟಿಮೀಟರ್‌ಗೆ ಸುಮಾರು 17.7 ಗ್ರಾಂ ತೂಗುತ್ತೆ, 925 ಬೆಳ್ಳಿ ಸುಮಾರು 10.4. ಅಂದರೆ 0.4 ಘನ ಸೆಂಟಿಮೀಟರ್‌ನ ಜುಮ್ಕಿಗೆ ಏಳು ಗ್ರಾಂ ಚಿನ್ನ. ಸಾಫ್ಟ್‌ವೇರ್ ಹರಳಿನ ಗಾತ್ರವನ್ನೂ ಲೋಹಕ್ಕೆ ಸೇರಿಸಿ ಲೆಕ್ಕ ಹಾಕಿದರೆ ಗಿರಾಕಿಗೆ ಹೇಳಿದ ರೇಟು ಸುಳ್ಳಾಗುತ್ತೆ.

ನನ್ನ ಮೊದಲ ಜುಮ್ಕಿಯ ಅಂಚನ್ನು 0.4 ಮಿ.ಮೀ. ಇಟ್ಟಿದ್ದೆ. ಪರದೆ ಮೇಲೆ ಚಂದ ಹೊಳೀತಿತ್ತು, ಎರಕ ಹೊಯ್ದಾಗ ಲೋಹ ಅಲ್ಲಿಗೆ ಹರಿಯಲೇ ಇಲ್ಲ, ಅಂಚೆಲ್ಲ ಇಲಿ ಕಡಿದ ಹಾಗೆ ಬಂತು. ಅವತ್ತಿಂದ 0.8ಕ್ಕಿಂತ ಕಡಿಮೆ ಇಡಲ್ಲ. ಎಲ್ಲಿ ತೆಳುವಾಗಿದೆ ಅಂತ ಬಣ್ಣದಲ್ಲಿ ತೋರಿಸುವ ಸೌಲಭ್ಯ ಇದೆಯಾ, ತಪ್ಪದೇ ಕೇಳಿ.

ಡಿಸೈನ್‌ನ ಆಕಾರವನ್ನು ಪ್ರಿಂಟರ್‌ಗೆ ಕೊಡುವ ಎಸ್‌ಟಿಎಲ್ ಫೈಲ್ ತೆಗೆದು, ಎರಕಕ್ಕೆ ಮೇಣದ ಪ್ರಿಂಟ್ ಹಾಕುವವರ ಹತ್ತಿರ ತೆರೆಸಿ. ಆ ಫೈಲ್‌ನಲ್ಲಿ ಮಿಲಿಮೀಟರೋ ಇಂಚೋ ಅನ್ನೋದು ಇರೋದೇ ಇಲ್ಲ, ಹಾಗಾಗಿ ಜುಮ್ಕಿಯ ಎತ್ತರ ಬಾಯಲ್ಲೇ ಹೇಳಿ. ಮೇಲ್ಮೈಯಲ್ಲಿ ಎಲ್ಲಾದರೂ ಬಾಯಿ ಬಿಟ್ಟಿದೆಯಾ, ಅದನ್ನೂ ನೋಡಿಸಿ.

ಬೇಸಿಗೆಯಲ್ಲಿ ನಮ್ಮ ಕಡೆ ಕರೆಂಟ್ ಹೋಗೋದು ಇದ್ದಿದ್ದೇ. ಕೆಲಸದ ಮಧ್ಯೆ ಪ್ಲಗ್ ಕಿತ್ತು, ಫೈಲ್ ಎಷ್ಟು ಉಳಿದಿದೆ ನೋಡಿ. ಕೊನೆಗೆ ಅದೇ ಜುಮ್ಕಿಯನ್ನು ಬೆಳ್ಳಿಯಲ್ಲಿ ಎರಕ ಹೊಯ್ಸಿ, ತಕ್ಕಡಿಯಲ್ಲಿಟ್ಟು, ಪರದೆ ಹೇಳಿದ ತೂಕದ ಜೊತೆ ಹೋಲಿಸಿ. ದುಡ್ಡಿನ ಮಾತು ಆಮೇಲೆ.