ಪಾರ್ಟಿಸಿಪೇಟ್: ಪದ ಒಡೆದರೆ ಅರ್ಥ ಸಿಗುತ್ತದೆ

'ಪಾರ್ಟಿಸಿಪೇಟ್' ಪದದ ಅರ್ಥವನ್ನು ಸುಮ್ನೆ ಉರು ಹೊಡೆಯಬೇಡಿ, ಒಡೆದು ನೋಡಿ. 'ಪಾರ್ಟ್' ಅಂದರೆ ಪಾಲು, ನಡುವಿನ 'ಸಿಪ್' (cip) ಅಂದರೆ ತೆಗೆದುಕೊಳ್ಳುವುದು. ನಮ್ಮ 'ಪಾಲ್ಗೊಳ್ಳು' ಕೂಡ ಪಾಲು ಮತ್ತು ಕೊಳ್ಳು ಸೇರಿ ಆದದ್ದೇ ಅಲ್ವಾ? ಎಷ್ಟು ಚೆಂದದ ಹೋಲಿಕೆ! ಲ್ಯಾಟಿನ್‌ನಲ್ಲಿ 'ಪಾರ್ಸ್' ಅಂದರೆ ಭಾಗ, 'ಕಾಪೆರೆ' ಅಂದರೆ ಹಿಡಿ, ತೆಗೆದುಕೋ. ಇವೆರಡೂ ಕೂಡಿ ಹುಟ್ಟಿದ ಪದ 16ನೇ ಶತಮಾನದಲ್ಲಿ ಇಂಗ್ಲಿಷಿಗೆ ಬಂತು. ಇದೇ ಅರ್ಥದ 'ಪಾರ್ಟೇಕ್' ಪದವಂತೂ 'ಪಾರ್ಟ್' ಮತ್ತು 'ಟೇಕ್' ಎಂದು ನೇರವಾಗಿಯೇ ಹೇಳಿಬಿಡುತ್ತದೆ. ಇನ್ನೊಂದು ಲಾಭವಿದೆ. ನಾವು 'ಆಟದಲ್ಲಿ ಪಾಲ್ಗೊಂಡರು' ಅನ್ನುತ್ತೇವೆ, 'ಆಟವನ್ನು' ಅನ್ನುವುದಿಲ್ಲ. ಆ 'ಅಲ್ಲಿ' ಇರುವ ಕಡೆ ಇಂಗ್ಲಿಷಿನಲ್ಲಿ 'ಇನ್' ಹಾಕಿ. ಜಾಸ್ತಿ ಜನ ಎಡವುವುದು ಇಲ್ಲೇ. ಬರೀ ಹೋಗಿ ಕೂತು ಬಂದಿದ್ದರೆ ಮಾತ್ರ ಈ ಪದ ಬೇಡ, ಅದಕ್ಕೆ 'ಅಟೆಂಡ್' ಸರಿ. ಏನಾದರೂ ಮಾಡಿದ್ದರೆ, ಮಾತಾಡಿದ್ದರೆ ಪಾರ್ಟಿಸಿಪೇಟ್.

'ಸಿಪ್' ಸೂತ್ರ ಬೇರೆ ಕಡೆಯೂ ನಡೆಯುತ್ತದೆ. 'ಆಂಟಿಸಿಪೇಟ್' (ಮೊದಲೇ ನಿರೀಕ್ಷಿಸು) ಮೂಲದಲ್ಲಿ ಮುಂಚೆಯೇ ಹಿಡಿಯುವುದು, 'ರೆಸಿಪಿಯೆಂಟ್' ಪಡೆದುಕೊಳ್ಳುವವರು. ಅಡುಗೆಯ 'ರೆಸಿಪಿ' ಕೂಡ ಲ್ಯಾಟಿನ್‌ನಲ್ಲಿ 'ತೆಗೆದುಕೋ' ಎಂಬ ಅಪ್ಪಣೆ. ಆದರೆ 'ಪ್ರೆಸಿಪಿಟೇಟ್' (ದಿಢೀರನೆ ಆಗುವಂತೆ ಮಾಡು), 'ಪ್ರೆಸಿಪಿಸ್' (ಕಡಿದಾದ ಪ್ರಪಾತ) ಪದಗಳಲ್ಲಿ ಇದು ಕೈಕೊಡುತ್ತದೆ. ಅಲ್ಲಿನ 'ಸಿಪ್' ಬಂದದ್ದು ತಲೆ ಎಂಬ ಅರ್ಥದ 'ಕಾಪುಟ್'ನಿಂದ. ತಲೆಕೆಳಗಾಗಿ ಬೀಳುವುದು ಅನ್ನುವುದೇ ಅವುಗಳ ಮೂಲ ಅರ್ಥ.