ಫ್ರೆಂಚ್ ಸಿನಿಮಾದಲ್ಲಿ ನಿರ್ಮಾಪಕರಾಗಲು ಏನನ್ನು ಕಲಿಯಬೇಕು

ನಿರ್ಮಾಪಕ ಎಂದೊಡನೆ ನಮಗೆ ನೆನಪಾಗುವುದು ಸ್ವಂತ ಹಣ ಹೂಡಿ ‘ಅನ್ನದಾತ’ ಎನಿಸಿಕೊಳ್ಳುವ ವ್ಯಕ್ತಿ. ಫ್ರಾನ್ಸಿನಲ್ಲಿ ಈ ವೃತ್ತಿಗೆ ಇಳಿಯಬೇಕೆನ್ನುವವರು ಆ ಕಲ್ಪನೆಯನ್ನು ಮೊದಲು ಬದಿಗಿಡಬೇಕು. ಅಲ್ಲಿ ‘ಪ್ರೊಡ್ಯುಕ್ತರ್ ದೆಲೆಗೇ’ ಎಂದು ಕರೆಯಲ್ಪಡುವ ಮುಖ್ಯ ನಿರ್ಮಾಪಕರು ಚಿತ್ರದ ಆರ್ಥಿಕ, ತಾಂತ್ರಿಕ ಮತ್ತು ಕಲಾತ್ಮಕ ಹೊಣೆಯನ್ನು ಹೊರುವವರು. ಚಿತ್ರ ಪೂರ್ತಿಯಾಗುತ್ತದೆ ಎಂದು ಉಳಿದೆಲ್ಲರಿಗೂ ಮಾತು ಕೊಡುವವರು. ಚಿತ್ರೀಕರಣದ ದಿನಚರಿ ಮತ್ತು ವೆಚ್ಚವನ್ನು ನೋಡಿಕೊಳ್ಳುವ ‘ದಿರೆಕ್ತರ್ ದ ಪ್ರೊಡ್ಯುಕ್ಸಿಯೋ’ ಬೇರೆ, ಅವರು ಸಂಬಳಕ್ಕೆ ದುಡಿಯುವ ತಂತ್ರಜ್ಞರು. ಈ ಎರಡರಲ್ಲಿ ಯಾವುದು ನಿಮ್ಮ ಗುರಿ ಎಂಬುದನ್ನು ಆರಂಭದಲ್ಲೇ ತೀರ್ಮಾನಿಸಿಕೊಳ್ಳಿ, ಏಕೆಂದರೆ ಎರಡಕ್ಕೂ ಬೇಕಾದ ಸ್ವಭಾವವೇ ಬೇರೆ.

ಪ್ರವೇಶಕ್ಕೆ ಹೆಸರಾಂತ ದಾರಿಯೆಂದರೆ ಪ್ಯಾರಿಸ್‌ನ ಮೊಂಮಾರ್ತ್ರ್ ಬಳಿ, ಹಿಂದೆ ಪಾತೆ ಸ್ಟುಡಿಯೋ ಇದ್ದ ಕಟ್ಟಡದಲ್ಲಿ ನಡೆಯುವ ಸರ್ಕಾರಿ ಶಾಲೆ ‘ಲಾ ಫೆಮಿಸ್’. ಅಲ್ಲಿ ನಿರ್ಮಾಣಕ್ಕೇ ಪ್ರತ್ಯೇಕ ವಿಭಾಗವಿದೆ, ವ್ಯಾಸಂಗ ನಾಲ್ಕು ವರ್ಷದ್ದು. ಪ್ರವೇಶ ಪರೀಕ್ಷೆಯಲ್ಲಿ ಕೊಟ್ಟ ವಿಷಯಗಳಲ್ಲೊಂದನ್ನು ಆರಿಸಿಕೊಂಡು, ಸ್ವತಃ ಓಡಾಡಿ ಮಾಹಿತಿ ಕಲೆಹಾಕಿ ಒಂದು ಶೋಧನಾ ವರದಿಯನ್ನು ಸಿದ್ಧಪಡಿಸಬೇಕು. ಹಾಗೆಂದು ಶಾಲೆಯೊಂದೇ ಬಾಗಿಲಲ್ಲ. ಹಂಗೆರಿಯಲ್ಲಿ ಹುಟ್ಟಿದ ಮಾರ್ಗರೆಟ್ ಮೆನೆಗೋಜ್ ಸಂಕಲನ ವಿಭಾಗದಲ್ಲಿ ದುಡಿದವರು; ನಿರ್ದೇಶಕ ಎರಿಕ್ ರೋಮೆರ್ ಅವರು ಜರ್ಮನಿಯಲ್ಲಿ ಚಿತ್ರವೊಂದನ್ನು ತೆಗೆಯುವಾಗ ನೆರವಿಗೆ ನಿಂತು, 1975ರಿಂದ ‘ಲೆ ಫಿಲ್ಮ್ ದ್ಯು ಲೋಸಾಂಜ್’ ನಿರ್ಮಾಣ ಸಂಸ್ಥೆಯನ್ನು ದಶಕಗಳ ಕಾಲ ನಡೆಸಿದರು. ಅವರು ನಿರ್ಮಾಣದಲ್ಲಿ ಪಾಲ್ಗೊಂಡ, ಮಿಖಾಯೆಲ್ ಹಾನೆಕೆ ನಿರ್ದೇಶನದ ಚಿತ್ರಗಳು 2009 ಮತ್ತು 2012ರಲ್ಲಿ ಕಾನ್ ಉತ್ಸವದ ಅತ್ಯುನ್ನತ ಪ್ರಶಸ್ತಿ ಪಡೆದವು. ಸಣ್ಣ ಸಂಸ್ಥೆಯೊಂದರಲ್ಲಿ ತರಬೇತಿಗೆ ಸೇರಿ, ಬಂದ ಚಿತ್ರಕಥೆಗಳನ್ನು ಓದಿ ಅಭಿಪ್ರಾಯ ಬರೆಯುವುದರಿಂದ ತೊಡಗಿ, ಕಿರುಚಿತ್ರಗಳ ನಿರ್ಮಾಣಕ್ಕೆ ಏರುವ ದಾರಿಯೂ ಅಷ್ಟೇ ಗೌರವದ್ದು. ಯಾವ ದಾರಿ ಹಿಡಿದರೂ ಫ್ರೆಂಚ್ ಭಾಷೆಯಲ್ಲಿ ಒಪ್ಪಂದವೊಂದನ್ನು ಓದಿ ಅರ್ಥಮಾಡಿಕೊಳ್ಳುವಷ್ಟು ಹಿಡಿತ ಬೇಕೇ ಬೇಕು.

ಮೊದಲ ಸ್ವತಂತ್ರ ಕೆಲಸ ಹಕ್ಕುಗಳದ್ದು. ಬರಹಗಾರರೊಂದಿಗೆ ನಿಗದಿತ ಅವಧಿಗೆ ಹಕ್ಕನ್ನು ಕಾಯ್ದಿರಿಸುವ ‘ಆಪ್ಶನ್’ ಒಪ್ಪಂದ ಮಾಡಿಕೊಂಡು, ಆ ಅವಧಿಯಲ್ಲಿ ಚಿತ್ರಕಥೆಯನ್ನು ಬೆಳೆಸಿ ಹಣ ಹುಡುಕಬೇಕು. ಒಪ್ಪಂದಗಳನ್ನು ಫ್ರಾನ್ಸಿನ ರಾಷ್ಟ್ರೀಯ ಸಿನಿಮಾ ಕೇಂದ್ರವಾದ ಸಿಎನ್‌ಸಿಯ ಸಾರ್ವಜನಿಕ ನೋಂದಣಿ ಪುಸ್ತಕದಲ್ಲಿ ದಾಖಲಿಸಿ. ಒಂದು ಕೃತಿಯ ಹಕ್ಕು ಈಗಾಗಲೇ ಬೇರೊಬ್ಬರ ಕೈಯಲ್ಲಿದೆಯೇ ಎಂಬುದನ್ನು ನೀವೂ ಅಲ್ಲೇ ಪರಿಶೀಲಿಸಬಹುದು.

ಸಿಎನ್‌ಸಿ ಸ್ಥಾಪನೆಯಾದದ್ದು 1946ರಲ್ಲಿ. ಇದರ ವ್ಯವಸ್ಥೆಯನ್ನು ಬಲ್ಲವರಿಗೆ ಅರ್ಧ ವೃತ್ತಿ ಕೈವಶವಾದಂತೆ ಎಂದು ನಾನು ನಂಬುತ್ತೇನೆ. ಚಿತ್ರಮಂದಿರದ ಪ್ರತಿ ಟಿಕೆಟ್ಟಿನ ಮೇಲೆ, ಅದು ಹಾಲಿವುಡ್ ಚಿತ್ರದ್ದೇ ಆಗಿರಲಿ, ಶೇ 10.72ರಷ್ಟು ತೆರಿಗೆ ಬಿದ್ದು ಆ ಹಣ ಬೆಂಬಲ ನಿಧಿಗೆ ಸೇರುತ್ತದೆ. ನಿಮ್ಮ ಚಿತ್ರಕ್ಕೆ ಸೇರಿದ ಪ್ರೇಕ್ಷಕರ ಲೆಕ್ಕಕ್ಕೆ ತಕ್ಕಂತೆ ಸಿಎನ್‌ಸಿಯಲ್ಲಿರುವ ನಿಮ್ಮ ಖಾತೆಯಲ್ಲಿ ಜಮೆಯಾಗುವ ಮೊತ್ತವನ್ನು ಮುಂದಿನ ಚಿತ್ರಕ್ಕೇ ಹೂಡಬೇಕು, ಮನೆಗೆ ಒಯ್ಯುವಂತಿಲ್ಲ. ಮೊದಲ ಚಿತ್ರದವರಿಗೆ ಇಂಥ ಖಾತೆ ಇರುವುದಿಲ್ಲವಾದ್ದರಿಂದ ಅವರ ಆಸರೆ 1959ರಲ್ಲಿ, ಆಂದ್ರೆ ಮಾಲ್ರೋ ಸಂಸ್ಕೃತಿ ಸಚಿವರಾದ ವರ್ಷ, ಹುಟ್ಟಿದ ‘ಅವಾನ್ಸ್ ಸ್ಯುರ್ ರೆಸೆತ್’, ಅಂದರೆ ಗಳಿಕೆಯ ಮೇಲಿನ ಮುಂಗಡ. ಸಮಿತಿಯೊಂದು ಚಿತ್ರಕಥೆಯನ್ನು ಓದಿ ಕೊಡುವ ಈ ಹಣವನ್ನು ಚಿತ್ರ ಗಳಿಸಿದರೆ ಮಾತ್ರ ಮರಳಿಸಬೇಕಾಗುತ್ತದೆ. ಆದ್ದರಿಂದ ಅರ್ಜಿ ಸಲ್ಲಿಸುವ ಆತುರಕ್ಕಿಂತ ಇನ್ನೊಂದು ಕರಡು ಬರೆಸುವ ತಾಳ್ಮೆ ಮೇಲು.

ಉಳಿದ ಹಣವನ್ನು ತುಂಡುತುಂಡಾಗಿ ಹೊಂದಿಸಬೇಕು. 1984ರಲ್ಲಿ ಆರಂಭವಾದ ಕನಾಲ್ ಪ್ಲ್ಯುಸ್‌ನಂಥ ವಾಹಿನಿಗಳು ಪ್ರಸಾರದ ಹಕ್ಕನ್ನು ಮುಂಗಡವಾಗಿ ಕೊಳ್ಳುತ್ತವೆ. 1985ರ ಕಾನೂನಿನಿಂದ ಬಂದ ‘ಸೋಫಿಕಾ’ಗಳು ತೆರಿಗೆ ರಿಯಾಯಿತಿ ಬಯಸುವ ಜನರ ಉಳಿತಾಯವನ್ನು ಸಿನಿಮಾಕ್ಕೆ ತರುತ್ತವೆ. ಪ್ರಾಂತೀಯ ನಿಧಿಗಳೂ ಇವೆ. ಸಹನಿರ್ಮಾಣದ ಪಾಲುದಾರರೂ ಸಿಗುತ್ತಾರೆ. ಭಾರತ ಮತ್ತು ಫ್ರಾನ್ಸ್ ನಡುವೆ 1985ರಲ್ಲೇ ಸಹನಿರ್ಮಾಣ ಒಪ್ಪಂದವಾಗಿದೆ. ಕಾನ್ ಉತ್ಸವದ ವಿದ್ಯಾರ್ಥಿ ಚಿತ್ರಗಳ ವಿಭಾಗದಲ್ಲಿ 2024ರ ಮೊದಲ ಬಹುಮಾನ ಮೈಸೂರಿನ ಚಿದಾನಂದ ಎಸ್. ನಾಯ್ಕ್ ಅವರ ಕನ್ನಡ ಕಿರುಚಿತ್ರಕ್ಕೆ ಸಂದಿತು. ಹೊಸ ನಿರ್ದೇಶಕರನ್ನು ಹುಡುಕುವ ಯುವ ನಿರ್ಮಾಪಕರು ಕಣ್ಣಿಡಬೇಕಾದದ್ದು ಇಂಥ ವಿಭಾಗಗಳ ಮೇಲೆ.

ಚಿತ್ರೀಕರಣದ ದಿನಗಳಲ್ಲಿ ಒಳ್ಳೆಯ ನಿರ್ವಾಹಕರನ್ನು ನೇಮಿಸಿ ಅವರನ್ನು ನಂಬಿ. ನಿಮ್ಮ ನಿಜವಾದ ಪರೀಕ್ಷೆ ಸಂಕಲನದ ಕೋಣೆಯಲ್ಲಿದೆ. ಫ್ರೆಂಚ್ ಕಾನೂನಿನ ಪ್ರಕಾರ ಅಂತಿಮ ಪ್ರತಿ ಸಿದ್ಧವಾಯಿತೆನ್ನಲು ನಿರ್ದೇಶಕರು ಮತ್ತು ನಿರ್ಮಾಪಕರು ಇಬ್ಬರ ಒಪ್ಪಿಗೆಯೂ ಬೇಕು, ಮತ್ತು ಆ ಪ್ರತಿಯ ಮೂಲವನ್ನು ನಾಶಪಡಿಸುವಂತಿಲ್ಲ. ಹಣದ ಬಲದಿಂದ ಕತ್ತರಿ ಆಡಿಸಲು ಬಾರದ ಈ ಕಟ್ಟುಪಾಡನ್ನು ನಾನು ಬಹಳ ಗೌರವಿಸುತ್ತೇನೆ. ನಿರ್ದೇಶಕರಿಗೆ ಕಾಣದ ದೋಷವನ್ನು ಮನಗಾಣಿಸಲು ನಿಮಗಿರುವುದು ಮಾತು ಮಾತ್ರ, ಆ ಮಾತಿಗೆ ಬೆಲೆ ಬರಬೇಕಾದರೆ ಮೊದಲ ಕರಡಿನಿಂದಲೂ ನೀವು ಜೊತೆಗಿದ್ದಿರಬೇಕು.

ಬಿಡುಗಡೆಯೊಂದಿಗೆ ಕೆಲಸ ಮುಗಿಯುವುದಿಲ್ಲ. ಎಲ್ಲೆಲ್ಲಿಂದ ಎಷ್ಟು ಹಣ ಬಂತೆಂಬ ಲೆಕ್ಕವನ್ನು ವರ್ಷಕ್ಕೊಮ್ಮೆಯಾದರೂ ಲೇಖಕರಿಗೆ ಒಪ್ಪಿಸುವುದು ಕಾನೂನಿನ ಕರ್ತವ್ಯ. ಬಂದ ಹಣ ಎಷ್ಟೇ ಸಣ್ಣದಿದ್ದರೂ ಆ ಲೆಕ್ಕಪತ್ರವನ್ನು ಅವರು ಕೇಳುವ ಮೊದಲೇ ಕಳುಹಿಸಿ.